ಡಾ. ಮಬೂಸೆ ಬ್ಲೂ-ರೇ ಸೆಟ್: ಆರನ್ನೂ ವರಸೆಯಾಗಿ ನೋಡಿ

ಈ ಸೆಟ್‌ನಲ್ಲಿ ಆರು ಸಿನಿಮಾಗಳಿವೆ. ಒಂದು ಅಪ್ಪಟ ಚಿನ್ನ. ಎರಡು ಮೂರು ಚೆನ್ನಾಗಿವೆ. ಕೊನೆಯದನ್ನು ಒಂದೇ ಸಲಕ್ಕೆ ಕೂತು ಮುಗಿಸುವುದು ಕಷ್ಟ. ಆದರೂ ಬಿಡಿಯಾಗಿ ಮೊದಲನೆಯದನ್ನು ಮಾತ್ರ ತಗೊಳ್ಳಬೇಡಿ, ಪೂರ್ತಿ ಸೆಟ್ ತಗೊಳ್ಳಿ ಅಂತಲೇ ಹೇಳುತ್ತೇನೆ. ಯಾಕೆಂದರೆ ಇವನ್ನು ಬಿಡುಗಡೆಯಾದ ವರಸೆಯಲ್ಲೇ ವಾರಕ್ಕೊಂದರಂತೆ ನೋಡುತ್ತಾ ಹೋದರೆ, ಒಂದು ಸಿನಿಮಾ ಕಂಪನಿ ಎಷ್ಟು ಎತ್ತರದಲ್ಲಿತ್ತು, ಅಲ್ಲಿಂದ ಹೇಗೆ ಇಳಿಯತೊಡಗಿತು ಅನ್ನುವುದು ತೆರೆ ಮೇಲೇ ಕಾಣುತ್ತದೆ. ಮೊದಲನೆಯದು 1960ರದ್ದು. ಆರನೆಯದು 1964ರದ್ದು. ನಡುವೆ ಬರೀ ನಾಲ್ಕು ವರ್ಷ.

ಕಂಪನಿಯ ಹೆಸರು ಸಿಸಿಸಿ ಫಿಲ್ಮ್. ಊರು ಪಶ್ಚಿಮ ಬರ್ಲಿನ್. ಕಟ್ಟಿದವರು ಆರ್ಟುರ್ ಬ್ರೌನರ್.

ಮಬೂಸೆ ಯಾರು ಅಂತ ಗೊತ್ತಿಲ್ಲದವರಿಗೆ ಎರಡು ಮಾತು. ನಾರ್ಬರ್ಟ್ ಜಾಕ್ ಅನ್ನುವವರ ಕಾದಂಬರಿಯಲ್ಲಿ ಹುಟ್ಟಿದ ಪಾತಕಿ ಇವನು. ವೇಷ ಬದಲಿಸುತ್ತಾನೆ, ಕಣ್ಣಲ್ಲಿ ಕಣ್ಣಿಟ್ಟು ಜನರನ್ನು ವಶ ಮಾಡಿಕೊಳ್ಳುತ್ತಾನೆ, ತಾನು ಎಲ್ಲೋ ಮರೆಯಲ್ಲಿ ಕೂತು ಊರನ್ನೇ ಕುಣಿಸುತ್ತಾನೆ. ಫ್ರಿಟ್ಸ್ ಲಾಂಗ್ ಇವನ ಮೇಲೆ 1922ರಲ್ಲಿ ಮೂಕಿ ಚಿತ್ರ ಮಾಡಿದರು, 1933ರಲ್ಲಿ ಟಾಕಿ ಮಾಡಿದರು. ಟಾಕಿಯನ್ನು ನಾಜಿ ಸರ್ಕಾರ ಜರ್ಮನಿಯಲ್ಲಿ ತೋರಿಸಲು ಬಿಡಲಿಲ್ಲ. ಲಾಂಗ್ ಅದೇ ವರ್ಷ ದೇಶ ಬಿಟ್ಟು ಹೋದರು. ಪೋಲೆಂಡಿನ ವುಜ್ ಪಟ್ಟಣದ ಒಬ್ಬ ಯಹೂದಿ ಹುಡುಗ ಆ ಸಿನಿಮಾ ನೋಡಿ ಮರುಳಾಗಿದ್ದ. ಅವನೇ ಬ್ರೌನರ್. ದೊಡ್ಡವನಾದ ಮೇಲೆ ಅದೇ ಲಾಂಗ್ ಅವರನ್ನು ಅಮೆರಿಕದಿಂದ ಕರೆಸಿ, ಅದೇ ಮಬೂಸೆಯನ್ನು ಮತ್ತೆ ಎಬ್ಬಿಸಿದ. ಈ ಸೆಟ್ಟಿನ ಮೊದಲ ಸಿನಿಮಾ ಬಂದದ್ದು ಹಾಗೆ.

ಮೊದಲನೆಯದು, 'ಡಾ. ಮಬೂಸೆಯ 1000 ಕಣ್ಣುಗಳು', ಲಾಂಗ್ ಮಾಡಿದ ಕೊನೆಯ ಸಿನಿಮಾ. ಶುರುವಿನ ದೃಶ್ಯ ಗಮನಿಸಿ. ಕೆಂಪು ದೀಪ ಬಿದ್ದಿದೆ, ಕಾರುಗಳು ಸಾಲಾಗಿ ನಿಂತಿವೆ. ಒಂದರಲ್ಲಿ ಟಿವಿ ವರದಿಗಾರ ಸುಮ್ನೆ ಕೂತಿದ್ದಾನೆ. ಪಕ್ಕದ ಕಾರಿನಿಂದ ಒಂದು ಉಕ್ಕಿನ ಸೂಜಿ ಬಂದು ನಾಟುತ್ತದೆ. ಸದ್ದೇ ಇಲ್ಲ. ಹಸಿರು ದೀಪ ಬರುತ್ತದೆ, ಎಲ್ಲರೂ ಹೊರಡುತ್ತಾರೆ, ಅವನ ಕಾರು ಮಾತ್ರ ನಿಂತೇ ಇದೆ, ಹಿಂದಿನವರು ಹಾರ್ನ್ ಹೊಡೆಯುತ್ತಾರೆ. ಇಷ್ಟೇ. ರಕ್ತ ಇಲ್ಲ, ಕಿರುಚಾಟ ಇಲ್ಲ. ಅತ್ತ ಒಬ್ಬ ಕುರುಡ ಕಣಿ ಹೇಳುವವನು ಪೊಲೀಸ್ ಅಧಿಕಾರಿಗೆ ಫೋನ್ ಮಾಡಿ, ನನಗೆ ಒಂದು ಕೊಲೆ ಕಾಣಿಸುತ್ತಿದೆ ಅನ್ನುತ್ತಾನೆ. ಹತ್ತು ನಿಮಿಷದೊಳಗೆ ನಮ್ಮನ್ನು ಹಿಡಿದು ಕೂರಿಸಿಬಿಡುತ್ತಾರೆ. ಲಾಂಗ್‌ಗೆ ಆಗ 69 ವರ್ಷ.

ಕಥೆಯ ಜೀವ ಇರುವುದು ಲುಕ್ಸರ್ ಅನ್ನುವ ಹೋಟೆಲಿನಲ್ಲಿ. ಹೊರಗಿನ ದೇಶಗಳ ರಾಯಭಾರಿಗಳ ಮೇಲೆ ಕಣ್ಣಿಡಲು ನಾಜಿಗಳು ಕಟ್ಟಿಸಿದ್ದ ಹೋಟೆಲು, ಕೋಣೆ ಕೋಣೆಯಲ್ಲೂ ಅಡಗಿಸಿಟ್ಟ ಕ್ಯಾಮೆರಾ. ನಾವು ಒಂದು ದೃಶ್ಯ ನೋಡುತ್ತಿರುತ್ತೇವೆ, ಇಬ್ಬರು ಮಾತಾಡುತ್ತಿರುತ್ತಾರೆ, ಇದ್ದಕ್ಕಿದ್ದಂತೆ ಕ್ಯಾಮೆರಾ ಹಿಂದಕ್ಕೆ ಸರಿದರೆ ಆ ಇಬ್ಬರೂ ನೆಲಮಾಳಿಗೆಯ ಒಂದು ಟಿವಿ ಪರದೆಯೊಳಗೆ ಇರುತ್ತಾರೆ. ಅಂದರೆ ಇಷ್ಟು ಹೊತ್ತು ನಾವೂ ಕದ್ದು ನೋಡುತ್ತಿದ್ದೆವು ಅಂತಾಯಿತು. ಮೊದಲ ಸಲ ನೋಡಿದಾಗ ನನ್ನ ಮೈ ಜುಮ್ಮೆಂದಿತು. ಕೋಣೆ ಕೋಣೆಗೂ ಕ್ಯಾಮೆರಾ ಅನ್ನುವುದು ಈಗ ಹೊಸದೇನಲ್ಲ. 1960ರಲ್ಲಿ ಹೊಸದು. ನಾಜಿಗಳು ಹೋದರೂ ಅವರು ಇಟ್ಟ ಕಣ್ಣುಗಳು ಹಾಗೇ ಉಳಿದಿವೆ, ಯಾರು ಬೇಕಾದರೂ ಬಳಸಬಹುದು ಅಂತ ಲಾಂಗ್ ಹೇಳುತ್ತಿದ್ದಾರೆ. ಅದನ್ನು ಭಾಷಣದಲ್ಲಿ ಹೇಳದೆ ಒಂದು ಪತ್ತೇದಾರಿ ಕಥೆಯೊಳಗೆ ಇಟ್ಟು ಹೇಳಿದ್ದಾರೆ.

ಪ್ರಿಂಟ್ ಬಹಳ ಚೆನ್ನಾಗಿದೆ. ಆರೂ ಕಪ್ಪುಬಿಳುಪು. ಹೋಟೆಲಿನ ಕಾರಿಡಾರಿನ ಕತ್ತಲು ನಿಜವಾಗಿಯೂ ಕಪ್ಪಾಗಿದೆ, ಹಿಂದೆ ನಾನು ನೋಡಿದ್ದ ಹಳೇ ಕಾಪಿಯಲ್ಲಿ ಅದು ಬೂದಿಯ ಹಾಗಿತ್ತು. ಜರ್ಮನ್ ಧ್ವನಿಯಲ್ಲೇ ನೋಡಿ, ಸಬ್‌ಟೈಟಲ್ ಹಾಕಿಕೊಳ್ಳಿ. ಡಬ್ಬಿಂಗ್‌ನಲ್ಲಿ, ಪೊಲೀಸ್ ಅಧಿಕಾರಿಯಾಗಿ ನಟಿಸಿದ ಗೆರ್ಟ್ ಫ್ರೋಬೆಯ ಆ ದಪ್ಪ ದನಿ, ಆ ಗೊಣಗಾಟ ಎಲ್ಲ ಹೋಗಿಬಿಡುತ್ತದೆ. ನನಗೆ ಪೆಟ್ಟಿಗೆ ಬಂದಾಗ ಒಂದು ಮೂಲೆ ಜಜ್ಜಿತ್ತು, ಅದು ತಲುಪಿಸಿದವರ ತಪ್ಪು, ಒಳಗಿನ ಡಿಸ್ಕ್‌ಗಳಿಗೆ ಏನೂ ಆಗಿರಲಿಲ್ಲ.

ಇನ್ನು ಕಂಪನಿಯ ವಿಷಯ. ಇದು ಗೊತ್ತಿಲ್ಲದೆ ಉಳಿದ ಐದು ಸಿನಿಮಾ ನೋಡಿದರೆ ಬರೀ ಸರಣಿ ಸಿನಿಮಾ ನೋಡಿದ ಹಾಗೆ ಆಗುತ್ತದೆ.

ಯುದ್ಧದಲ್ಲಿ ಬ್ರೌನರ್ ತಮ್ಮ ಬಂಧುಬಳಗದಲ್ಲಿ 49 ಜನರನ್ನು ಕಳೆದುಕೊಂಡರು. ಕೊಂದದ್ದು ನಾಜಿಗಳು. ಬದುಕಿ ಉಳಿದ ಈ ಮನುಷ್ಯ 1946ರಲ್ಲಿ ಬಂದು ನೆಲೆಸಿದ್ದು ಬರ್ಲಿನ್ನಿನಲ್ಲೇ, ಕಂಪನಿ ಕಟ್ಟಿದ್ದೂ ಅಲ್ಲೇ. ಆಗ ಅವರಿಗೆ 28 ವರ್ಷ. ಸ್ವಲ್ಪ ಯೋಚಿಸಿ. ಊರು ಇಟ್ಟಿಗೆ ರಾಶಿಯಾಗಿ ಬಿದ್ದಿದೆ. ನಿನ್ನೆಯವರೆಗೆ ನಿಮ್ಮವರನ್ನು ಕೊಲ್ಲುತ್ತಿದ್ದವರು, ನೋಡಿಯೂ ನೋಡದಂತೆ ಇದ್ದವರು, ಇವರೇ ನಾಳೆ ನಿಮ್ಮ ಸಿನಿಮಾಕ್ಕೆ ಟಿಕೆಟ್ ತಗೊಳ್ಳಬೇಕಾದ ಜನ.

1948ರಲ್ಲಿ ಅವರು 'ಮೊರಿಟೂರಿ' ಮಾಡಿದರು. ಸಾಯಲಿರುವವರು ಅಂತ ಲ್ಯಾಟಿನ್ ಅರ್ಥ. ಯಾತನಾ ಶಿಬಿರದಿಂದ ತಪ್ಪಿಸಿಕೊಂಡ ಕೈದಿಗಳು ಕಾಡಿನಲ್ಲಿ ಅಡಗಿ ಕೂತ ಕಥೆ. ನಟ ಕ್ಲೌಸ್ ಕಿನ್ಸ್ಕಿ ಮೊದಲ ಬಾರಿ ತೆರೆಗೆ ಬಂದದ್ದು ಇದರಲ್ಲೇ, ಚಿಕ್ಕ ಪಾತ್ರ. ಜನ ನೋಡಲಿಲ್ಲ. ನೋಡಲಿಲ್ಲ ಅನ್ನುವುದಕ್ಕಿಂತ, ನೋಡಲು ಒಪ್ಪಲಿಲ್ಲ. ಯುದ್ಧ ಮುಗಿದು ಮೂರೇ ವರ್ಷ, ಯಾರಿಗೂ ಅದು ನೆನಪಾಗುವುದು ಬೇಕಿರಲಿಲ್ಲ. ಪ್ರೇಕ್ಷಕರು ಗಲಾಟೆ ಮಾಡಿದರು, ಸಿನಿಮಾ ಮಕಾಡೆ ಮಲಗಿತು, ಬ್ರೌನರ್ ತಲೆ ಮೇಲೆ ಸಾಲ ಬಿತ್ತು. ಅದನ್ನು ತೀರಿಸಲು ವರ್ಷಗಳೇ ಹಿಡಿದವು.

ಸಿಸಿಸಿಯ ಆಮೇಲಿನ ನಡೆಯನ್ನೆಲ್ಲ ತೀರ್ಮಾನಿಸಿದ್ದು ಈ ಪೆಟ್ಟು ಅಂತ ನನ್ನ ನಂಬಿಕೆ. ಅಂದಿನಿಂದ ಬ್ರೌನರ್ ಜನಕ್ಕೆ ಬೇಕಾದ್ದನ್ನು ಕೊಟ್ಟರು. ಹಾಸ್ಯ, ಹಾಡು, ಪ್ರೇಮ, ಪತ್ತೇದಾರಿ. ಅದರಿಂದ ಬಂದ ಕಾಸಿನಲ್ಲಿ, ಕೈಯಲ್ಲಿ ಸ್ವಲ್ಪ ಉಳಿದಾಗಲೆಲ್ಲ, ತಮ್ಮ ಸತ್ತವರ ಕಥೆಗೆ ವಾಪಸ್ ಹೋದರು. ಒಂದು ಕೈಯಲ್ಲಿ ಗಲ್ಲಾಪೆಟ್ಟಿಗೆ, ಇನ್ನೊಂದು ಕೈಯಲ್ಲಿ ಆ 49 ಜನ.

ಬರ್ಲಿನ್ನಿನ ಶ್ಪಾಂಡಾವ್‌ನಲ್ಲಿ, ಹಾಸೆಲ್‌ಹಾರ್ಸ್ಟ್ ಅನ್ನುವ ಜಾಗದಲ್ಲಿ, ಹಿಂದೆ ವಿಷಾನಿಲದ ಪ್ರಯೋಗ ನಡೆಯುತ್ತಿದ್ದ ಹಳೇ ಆವರಣವನ್ನು ಹಿಡಿದು ಸ್ಟುಡಿಯೋ ಕಟ್ಟಿದರು. ವಿಷಾನಿಲ ಅಂದ ಕೂಡಲೇ ಏನು ನೆನಪಾಗುತ್ತದೆ ಅಂತ ನಾನು ಹೇಳಬೇಕಾಗಿಲ್ಲ. ಅಲ್ಲಿ ಈ ಮನುಷ್ಯ ಡಾನ್ಸ್ ಸೆಟ್ ಹಾಕಿಸಿದರು. 50ರ ದಶಕದಲ್ಲಿ ಆ ಸ್ಟುಡಿಯೋ ಖಾಲಿ ಬಿದ್ದದ್ದೇ ಕಡಿಮೆ. ದೇಶ ಬಿಟ್ಟು ಓಡಿದ್ದ ನಿರ್ದೇಶಕರನ್ನು ಒಬ್ಬೊಬ್ಬರನ್ನಾಗಿ ವಾಪಸ್ ಕರೆಸಿದರು. ರಾಬರ್ಟ್ ಸಿಯೋಡ್ಮಾಕ್ ಬಂದು 1955ರಲ್ಲಿ 'ಇಲಿಗಳು' ಮಾಡಿಕೊಟ್ಟರು, ಅದಕ್ಕೆ ಬರ್ಲಿನ್ ಚಿತ್ರೋತ್ಸವದ ಚಿನ್ನದ ಕರಡಿ ಬಂತು. ಹಿಟ್ಲರನನ್ನು ಕೊಲ್ಲಲು ಹೋಗಿ ಸೋತ ಅಧಿಕಾರಿಗಳ ಮೇಲೆ ಅದೇ ವರ್ಷ 'ಜುಲೈ 20' ಬಂತು. ಲಾಂಗ್ ಬಂದ ಮೇಲೆ ಮೊದಲು ಮಾಡಿದ್ದು ಎರಡು ಭಾಗದ ಒಂದು ಭಾರತದ ಕಥೆ. ಈಶ್ನಾಪುರ ಅನ್ನುವ ಕಲ್ಪನೆಯ ರಾಜ್ಯ, ಮಹಾರಾಜ, ಹುಲಿ, ದೇವದಾಸಿ. ಹೊರಾಂಗಣ ಉದಯಪುರದಲ್ಲಿ, ಒಳಾಂಗಣ ಶ್ಪಾಂಡಾವ್‌ನಲ್ಲಿ. ಅಲ್ಲಿ ತೋರಿಸಿದ ಭಾರತವನ್ನು ನಾವು ಭಾರತ ಅಂತ ಒಪ್ಪುವುದು ಕಷ್ಟ, ಆದರೆ ಆ ಬಣ್ಣ, ಆ ಸೆಟ್ ನೋಡಿದರೆ 1959ರಲ್ಲಿ ಈ ಕಂಪನಿಯ ಜೇಬು ಎಷ್ಟು ದಪ್ಪ ಇತ್ತು ಅಂತ ಗೊತ್ತಾಗುತ್ತದೆ. ಅದಾದ ಮರುವರ್ಷದ್ದೇ ನಮ್ಮ ಸೆಟ್ಟಿನ ಮೊದಲ ಮಬೂಸೆ.

ಈಗ ಎರಡನೆಯದಕ್ಕೆ ಬನ್ನಿ. 'ಡಾ. ಮಬೂಸೆಯ ಉಕ್ಕಿನ ಬಲೆಯಲ್ಲಿ', 1961. ಲಾಂಗ್ ಇಲ್ಲ, ನಿರ್ದೇಶನ ಹರಾಲ್ಡ್ ರೈನ್ಲ್. ಎರಡು ಸಿನಿಮಾಗಳ ನಡುವೆ, ಆ ವರ್ಷದ ಆಗಸ್ಟ್ 13ರಂದು, ಬರ್ಲಿನ್ ಗೋಡೆ ಎದ್ದಿತ್ತು. ಅಲ್ಲಿಯವರೆಗೆ ಪೂರ್ವ ಬರ್ಲಿನ್ನಿನ ಜನ ಗಡಿ ದಾಟಿ ಬಂದು ಪಶ್ಚಿಮದ ಥಿಯೇಟರ್‌ಗಳಲ್ಲಿ ಸಿನಿಮಾ ನೋಡುತ್ತಿದ್ದರು, ಒಂದೇ ರಾತ್ರಿಯಲ್ಲಿ ಅವರು ಬರುವುದು ನಿಂತಿತು. ಸಿನಿಮಾ ಮಾತ್ರ ಚುರುಕಾಗಿದೆ. ಜೈಲಿನ ಕೈದಿಗಳನ್ನು ಮದ್ದು ಕೊಟ್ಟು ಗೊಂಬೆಗಳ ಹಾಗೆ ಆಡಿಸುವ ಕಥೆ. ರೈನ್ಲ್‌ಗೆ ಲಾಂಗ್‌ನ ತಲೆ ಇಲ್ಲ, ಆದರೆ ಕಥೆಯನ್ನು ಎಲ್ಲೂ ನಿಲ್ಲಲು ಬಿಡುವುದಿಲ್ಲ. ಫ್ರೋಬೆ ಪೊಲೀಸ್ ಕಮಿಷನರ್ ಲೋಮನ್ ಆಗಿ, ಲೆಕ್ಸ್ ಬಾರ್ಕರ್ ಅಮೆರಿಕದಿಂದ ಬಂದ ಸಾಹಸಿಯಾಗಿ, ದಾಲಿಯಾ ಲಾವಿ ಪತ್ರಕರ್ತೆಯಾಗಿ. ಮೂವರೂ ಚೆನ್ನಾಗಿ ಮಾಡಿದ್ದಾರೆ. ಭಾನುವಾರ ಮಧ್ಯಾಹ್ನಕ್ಕೆ ಹೇಳಿ ಮಾಡಿಸಿದ ಸಿನಿಮಾ.

ಮೂರನೆಯದು 1962ರ 'ಮಬೂಸೆಯ ಕಾಣದ ಉಗುರುಗಳು'. ಇದರಲ್ಲಿ ಕಣ್ಣಿಗೆ ಕಾಣದಂತೆ ಮಾಡುವ ಯಂತ್ರ ಬರುತ್ತದೆ. ಕಾರಿನ್ ಡೋರ್ ಒಬ್ಬ ನರ್ತಕಿ, ಯಾರೋ ಕಾಣದವರು ಅವಳ ಬೆನ್ನು ಬಿದ್ದಿದ್ದಾರೆ. ನನಗೆ ಇದು ಇಷ್ಟವಾಯಿತು, ಸ್ವಲ್ಪ ಜಾಸ್ತಿಯೇ. ಆದರೆ ಇಲ್ಲೇ ಒಂದು ಬಿರುಕು ಕಾಣುತ್ತದೆ. ಮೊದಲ ಸಿನಿಮಾದಲ್ಲಿ ಹೆದರಿಕೆ ಹುಟ್ಟಿದ್ದು ನಿಜವಾಗಿ ಇರಬಹುದಾದ ಒಂದು ಹೋಟೆಲಿನಿಂದ. ಇಲ್ಲಿ ಹೆದರಿಕೆಗೆ ಯಂತ್ರ ಬೇಕಾಯಿತು.

ಅದೇ ವರ್ಷ ನಾಲ್ಕನೆಯದು, 1933ರ ಟಾಕಿಯನ್ನೇ ಮತ್ತೆ ಮಾಡಿದ್ದು, ನಿರ್ದೇಶನ ವೆರ್ನರ್ ಕ್ಲಿಂಗ್ಲರ್. ಹುಚ್ಚಾಸ್ಪತ್ರೆಯಲ್ಲಿ ಮಬೂಸೆ ಬರೆಯುತ್ತಾ ಕೂತಿರುತ್ತಾನೆ, ಹೊರಗೆ ಅವನು ಬರೆದ ಹಾಗೇ ಅಪರಾಧಗಳು ನಡೆಯುತ್ತವೆ. ಹಳೆಯದನ್ನು ನೋಡಿದವರಿಗೆ ಇದು ಸಪ್ಪೆ. ನೋಡಿಲ್ಲದವರು ಮೊದಲು ಹಳೆಯದನ್ನು ನೋಡಿ. ಫ್ರೋಬೆ, ಸೆಂಟಾ ಬರ್ಗರ್ ಇದ್ದಾರೆ ಅಂತ ಸಹಿಸಿಕೊಳ್ಳಬಹುದು. ಬ್ರೌನರ್ ಹುಡುಗನಾಗಿದ್ದಾಗ ಮರುಳಾದ ಕಥೆ ಇದೇ ತಾನೆ, ಅದನ್ನು ತನ್ನ ಕಂಪನಿಯ ಹೆಸರಲ್ಲಿ ಮತ್ತೆ ಮಾಡಬೇಕು ಅನ್ನುವ ಆಸೆ ನನಗೆ ಅರ್ಥವಾಗುತ್ತದೆ. ಆಸೆ ದೊಡ್ಡದು, ಸಿನಿಮಾ ಚಿಕ್ಕದು.

ಇಲ್ಲಿಂದ ಮುಂದೆ ಇಳಿಜಾರು. ಕಾರಣ ಮಬೂಸೆ ಅಲ್ಲ, ಹೊರಗಿನದು. ಪಶ್ಚಿಮ ಜರ್ಮನಿಯಲ್ಲಿ 1956ರಲ್ಲಿ 80 ಕೋಟಿಗೂ ಹೆಚ್ಚು ಸಿನಿಮಾ ಟಿಕೆಟ್ ಮಾರಾಟವಾಗಿದ್ದವು. 60ರ ದಶಕ ಮುಗಿಯುವ ಹೊತ್ತಿಗೆ ಅದು 20 ಕೋಟಿಗಿಂತ ಕೆಳಕ್ಕೆ ಬಂದಿತ್ತು. ಜನ ಮನೆಯಲ್ಲಿ ಟಿವಿ ಮುಂದೆ ಕೂತರು. 1963ರ ಏಪ್ರಿಲ್‌ನಲ್ಲಿ ಎರಡನೇ ಚಾನೆಲ್ಲೂ ಶುರುವಾಯಿತು. ಇನ್ನೊಂದು ಕಡೆ 1962ರ ಫೆಬ್ರವರಿಯಲ್ಲಿ ಓಬರ್‌ಹೌಸೆನ್ ಪಟ್ಟಣದಲ್ಲಿ 26 ಯುವಕರು ಸೇರಿ, ಹಳೇ ಸಿನಿಮಾ ಸತ್ತಿದೆ, ನಾವು ಹೊಸದು ಮಾಡುತ್ತೇವೆ ಅಂತ ಸಹಿ ಹಾಕಿದರು. ಅವರ ಪಾಲಿಗೆ ಹಳೇ ಸಿನಿಮಾ ಅಂದರೆ ಬ್ರೌನರ್‌ನಂಥವರು. ನನಗೆ ಆ ಹೊಸಬರ ಸಿನಿಮಾಗಳೂ ಇಷ್ಟ. ಆದರೆ ಈ ಒಂದು ವಿಷಯದಲ್ಲಿ ಅವರು ಅನ್ಯಾಯ ಮಾಡಿದರು ಅಂತಲೇ ಹೇಳುತ್ತೇನೆ. ಅಪ್ಪಂದಿರು ಯುದ್ಧದ ಬಗ್ಗೆ ಬಾಯಿ ಬಿಡಲಿಲ್ಲ ಅಂತ ಆ ತಲೆಮಾರು ಸಿಟ್ಟಾಗಿತ್ತು, ಸರಿ. ಆದರೆ 1948ರಲ್ಲೇ ಬಾಯಿ ಬಿಟ್ಟು ಹೇಳಿ, ಕೈ ಸುಟ್ಟುಕೊಂಡ ಒಬ್ಬ ನಿರ್ಮಾಪಕ ಅವರ ಎದುರಿಗೇ ಇದ್ದ.

ಮೂರನೇ ಏಟು ಪಕ್ಕದ ಅಂಗಡಿಯಿಂದ. ರಿಯಾಲ್ಟೋ ಅನ್ನುವ ಎದುರಾಳಿ ಕಂಪನಿ 1959ರಿಂದ ಇಂಗ್ಲೆಂಡಿನ ಪತ್ತೇದಾರಿ ಕಾದಂಬರಿಕಾರ ಎಡ್ಗರ್ ವಾಲೇಸ್ ಕಥೆಗಳನ್ನು ಸಿನಿಮಾ ಮಾಡಿ ಕಾಸು ಎಣಿಸುತ್ತಿತ್ತು. 1962ರ ಕೊನೆಗೆ ಜರ್ಮನ್ ಲೇಖಕ ಕಾರ್ಲ್ ಮೈ ಬರೆದ ರೆಡ್ ಇಂಡಿಯನ್ ಕಥೆಯನ್ನು ತೆರೆಗೆ ತಂದಿತು, ಅದು ಭರ್ಜರಿಯಾಗಿ ಓಡಿತು. ನಿರ್ದೇಶಕ ಯಾರು? ಹರಾಲ್ಡ್ ರೈನ್ಲ್. ನಾಯಕ? ಲೆಕ್ಸ್ ಬಾರ್ಕರ್. ಎರಡನೇ, ಮೂರನೇ ಮಬೂಸೆಯನ್ನು ಗೆಲ್ಲಿಸಿದ ಇಬ್ಬರೂ ಅಲ್ಲಿ. ಅಲ್ಲಿಯವರೆಗೆ ದಾರಿ ಮಾಡುತ್ತಿದ್ದ ಸಿಸಿಸಿ ಇನ್ನೊಬ್ಬರ ದಾರಿ ಹಿಡಿಯಿತು. ಎಡ್ಗರ್ ವಾಲೇಸ್ ಕಥೆಗಳು ಎದುರಾಳಿಯ ಕೈಯಲ್ಲಿದ್ದವು, ಅವರ ಮಗ ಬ್ರಯನ್ ಎಡ್ಗರ್ ವಾಲೇಸ್ ಹೆಸರನ್ನು ಇವರು ತಂದರು. ಕಾರ್ಲ್ ಮೈ ಸಿನಿಮಾಗಳನ್ನೂ ಶುರು ಮಾಡಿದರು.

ಐದನೇ ಮಬೂಸೆಯಲ್ಲಿ ಇದು ಎದ್ದು ಕಾಣುತ್ತದೆ. 1963ರ 'ಸ್ಕಾಟ್ಲೆಂಡ್ ಯಾರ್ಡ್ ಮಬೂಸೆಯ ಬೆನ್ನಟ್ಟುತ್ತದೆ'. ಕಥೆ ಬರ್ಲಿನ್ ಬಿಟ್ಟು ಲಂಡನ್ನಿಗೆ ಹೋಗಿದೆ. ಯಾಕೆ? ವಾಲೇಸ್ ಸಿನಿಮಾಗಳು ಹೆಚ್ಚಾಗಿ ಲಂಡನ್ನಿನಲ್ಲಿ ನಡೆಯುತ್ತಿದ್ದವು, ಅದಕ್ಕೆ. ಪಾಪ, ಜರ್ಮನಿಯ ಒಳಗಿನ ರೋಗದಿಂದ ಹುಟ್ಟಿದ ಪಾತ್ರವನ್ನು ಕಿತ್ತು ಬೇರೆ ಊರಿನಲ್ಲಿ ನೆಟ್ಟರೆ ಬೇರು ಹಿಡಿಯುವುದು ಹೇಗೆ? ಕಿನ್ಸ್ಕಿ ಇದ್ದಾನೆ, ಅವನು ತೆರೆ ಮೇಲಿದ್ದಷ್ಟು ಹೊತ್ತು ಕಣ್ಣು ಕೀಳಲಾಗುವುದಿಲ್ಲ. ಹದಿನೈದು ವರ್ಷ ಹಿಂದೆ 'ಮೊರಿಟೂರಿ'ಯಲ್ಲಿ ಶುರು ಮಾಡಿದವನು ಇವನೇ ಅನ್ನುವುದು ನೆನಪಿರಲಿ.

ಆರನೆಯದು 'ಡಾ. ಮಬೂಸೆಯ ಸಾವಿನ ಕಿರಣಗಳು', 1964. ಈಗ ಕಥೆ ಮಾಲ್ಟಾ ದ್ವೀಪಕ್ಕೆ ಹೋಗಿದೆ. ಸಮುದ್ರ, ನೀರೊಳಗಿನ ಹೊಡೆದಾಟ, ಪೀಟರ್ ಫಾನ್ ಐಕ್ ಗೂಢಚಾರ. ಜೇಮ್ಸ್ ಬಾಂಡ್ ಬಂದು ಎಲ್ಲರ ತಲೆ ಕೆಡಿಸಿದ್ದ ಕಾಲ. ಇಟಲಿ, ಫ್ರಾನ್ಸಿನವರ ಪಾಲೂ ಇರುವ ಬಂಡವಾಳ. ನಾನು ಎರಡು ಸಲ ನಿಲ್ಲಿಸಿ ಮುಗಿಸಿದೆ. ಬೆಳಕು ಚೆನ್ನಾಗಿದೆ, ಕಥೆಗೆ ಕಸುವಿಲ್ಲ, ಮಬೂಸೆ ಅನ್ನುವುದು ಬರೀ ಒಂದು ಹೆಸರಾಗಿ ಉಳಿದಿದೆ. ಸರಣಿಯಲ್ಲಿ ಮೂರು ಸಲ ಪೊಲೀಸ್ ಆಗಿದ್ದ ಫ್ರೋಬೆ ಆ ವರ್ಷ ಎಲ್ಲಿದ್ದರು ಗೊತ್ತಾ? ಬಾಂಡ್ ಸಿನಿಮಾದಲ್ಲೇ. ಗೋಲ್ಡ್‌ಫಿಂಗರ್ ಆಗಿ. ಮೊದಲ ಮಬೂಸೆಯನ್ನೂ ಇದನ್ನೂ ಒಂದರ ಪಕ್ಕ ಒಂದು ಇಟ್ಟು ನೋಡಿದರೆ ಹೊಟ್ಟೆ ಚುರುಕ್ ಅನ್ನುತ್ತದೆ.

ಕಂಪನಿ ಅಲ್ಲಿಗೇ ಮುಗಿಯಲಿಲ್ಲ. 1966ರಲ್ಲಿ ಶುರುವಾದ ಎರಡು ಭಾಗದ 'ನಿಬೆಲುಂಗರು', 1968ರಿಂದ ಎರಡು ಭಾಗದಲ್ಲಿ ಬಂದ 'ರೋಮ್‌ಗಾಗಿ ಯುದ್ಧ', ಹೀಗೆ ದೊಡ್ಡ ದೊಡ್ಡ ಸೆಟ್ ಹಾಕಿ ಟಿವಿಯನ್ನು ಸೋಲಿಸಲು ನೋಡಿದರು. ಸೋಲಿಸಲಾಗಲಿಲ್ಲ. ಕೊನೆಗೆ ಶ್ಪಾಂಡಾವ್ ಸ್ಟುಡಿಯೋದಲ್ಲಿ ಟಿವಿ ಕಾರ್ಯಕ್ರಮಗಳ ಚಿತ್ರೀಕರಣವೇ ನಡೆಯಿತು.

ಆದರೆ ಈ ಸೆಟ್ ನೋಡುವವರು ಇದನ್ನು ತಿಳಿದುಕೊಂಡು ನೋಡಬೇಕು. ಐದನೇ ಮಬೂಸೆ ಬಂದ 1963ರಲ್ಲೇ ಅದೇ ಸಿಸಿಸಿಯಿಂದ 'ಮನುಷ್ಯ ಮತ್ತು ಮೃಗ' ಬಂತು, ಯಾತನಾ ಶಿಬಿರದ ಕಥೆ. ಆರನೆಯದರ ಹಿಂದೆಯೇ ಯುಗೊಸ್ಲಾವಿಯಾದವರ ಜೊತೆ ಸೇರಿ ಇನ್ನೊಂದು ಮಾಡಿದರು. ಶಿಬಿರದಿಂದ ಬದುಕಿ ಬಂದ ಹೆಂಗಸನ್ನು ವರ್ಷಗಳ ಮೇಲೆ ಕೋರ್ಟಿಗೆ ಸಾಕ್ಷಿ ಹೇಳಲು ಕರೆಯುವ ಕಥೆ, ಐರೀನ್ ಪಾಪಾಸ್ ನಟಿಸಿದ್ದು. ಗಲ್ಲಾಪೆಟ್ಟಿಗೆ ಖಾಲಿಯಾಗುತ್ತಿರುವಾಗಲೂ ಆ ಇನ್ನೊಂದು ಕೈ ಕೆಲಸ ನಿಲ್ಲಿಸಲಿಲ್ಲ. ಆಮೇಲೆ 1970ರಲ್ಲಿ ಇಟಲಿಯ ನಿರ್ದೇಶಕ ಡಿ ಸಿಕಾ ಅವರ 'ಫಿಂಜಿ-ಕೊಂಟಿನಿ ತೋಟ'ದಲ್ಲಿ ಪಾಲು, ಅದಕ್ಕೆ ಆಸ್ಕರ್. 1985ರಲ್ಲಿ ಅಗ್ನಿಯೆಷ್ಕಾ ಹಾಲಂಡ್ ಅವರ 'ಕಹಿ ಸುಗ್ಗಿ', 1990ರಲ್ಲಿ ಅವರದೇ 'ಹಿಟ್ಲರ್ ಹುಡುಗ ಸಾಲೋಮನ್', ಅದಕ್ಕೆ ಗೋಲ್ಡನ್ ಗ್ಲೋಬ್. ಆ ಎರಡನೆಯದನ್ನು ಆಸ್ಕರಿಗೆ ಕಳಿಸಲು ಜರ್ಮನಿಯ ಆಯ್ಕೆ ಸಮಿತಿ ಒಪ್ಪಲಿಲ್ಲ. 'ಮೊರಿಟೂರಿ' ಬಂದು ನಲವತ್ತು ವರ್ಷ ದಾಟಿದ ಮೇಲೂ ಹಾಗೇ. ಬ್ರೌನರ್ 2019ರ ಜುಲೈನಲ್ಲಿ ತೀರಿಕೊಂಡರು, 100 ತುಂಬಿತ್ತು. ಕಂಪನಿ ಈಗಲೂ ಇದೆ, ಮಗಳು ಆಲಿಸ್ ಬ್ರೌನರ್ ನಡೆಸುತ್ತಾರೆ. ಯಹೂದಿ ಹತ್ಯಾಕಾಂಡದ ನೆನಪಿಗೆ ಜೆರುಸಲೇಮಿನಲ್ಲಿ ಇರುವ ಯಾದ್ ವಾಶೆಮ್ ಸ್ಮಾರಕದಲ್ಲಿ ಆರ್ಟುರ್ ಬ್ರೌನರ್ ಅವರ 21 ಸಿನಿಮಾಗಳನ್ನು ಕಾಪಾಡಿ ಇಟ್ಟಿದ್ದಾರೆ. ಅದರಲ್ಲಿ ಮಬೂಸೆ ಇಲ್ಲ, ಇರಬೇಕಾಗಿಯೂ ಇಲ್ಲ. ಆದರೆ ಆ ಸಿನಿಮಾಗಳಿಗೆ ದುಡಿದು ತಂದವರಲ್ಲಿ ಮಬೂಸೆಯೂ ಒಬ್ಬ.

ಹಾಗಾಗಿ ನನ್ನ ಲೆಕ್ಕ ಹೀಗಿದೆ. ಮೊದಲ ಸಿನಿಮಾಕ್ಕೆ ಐದಕ್ಕೆ ಐದು. ಎರಡು, ಮೂರಕ್ಕೆ ಮೂರೂವರೆ. ನಾಲ್ಕಕ್ಕೆ ಎರಡೂವರೆ, ಐದಕ್ಕೆ ಎರಡು, ಕಿನ್ಸ್ಕಿಗಾಗಿ ಇನ್ನರ್ಧ ಬೇಕಾದರೆ ಸೇರಿಸಿಕೊಳ್ಳಿ. ಆರಕ್ಕೆ ಒಂದು. ಇಡೀ ಸೆಟ್ಟಿಗೆ ನಾಲ್ಕೂವರೆ. ಕೂಡಿ ಭಾಗಿಸಿದರೆ ಅಷ್ಟು ಬರುವುದಿಲ್ಲ ಅಂತ ಗೊತ್ತು, ಆರನ್ನೂ ಒಟ್ಟಿಗೆ ಇಟ್ಟುಕೊಟ್ಟದ್ದಕ್ಕೆ ಆ ಅಂಕ.

ಆರನೆಯದು ಮುಗಿದ ಮರುದಿನ ಹೇಗಾದರೂ ಹುಡುಕಿ 'ಮೊರಿಟೂರಿ' ಹಾಕಿ. ಅದು ಈ ಸೆಟ್‌ನಲ್ಲಿಲ್ಲ. ಕಾಡಿನಲ್ಲಿ ಅಡಗಿದವರು ಪೋಲಿಷ್, ಫ್ರೆಂಚ್, ಜರ್ಮನ್, ಅವರವರ ಮಾತನ್ನೇ ಆಡುತ್ತಾರೆ. ಒಂದು ಹಂತದಲ್ಲಿ ಅವರ ಕೈಗೆ ಒಬ್ಬ ಎಳೇ ಜರ್ಮನ್ ಸೈನಿಕ ಸಿಗುತ್ತಾನೆ. ಇವನನ್ನು ಏನು ಮಾಡೋಣ ಅಂತ ಎಲ್ಲರೂ ಕೂತು ವಿಚಾರಣೆ ಮಾಡುತ್ತಾರೆ. ಕೊಲ್ಲುವುದಿಲ್ಲ.